ನಳಕ್ಕೆ ನೀರು ಬಾರದಿದ್ದರೆ ಯಾರನ್ನು ಕೇಳಬೇಕು? ಕಲಬುರಗಿ ನಿವಾಸಿಗಳು ಪದೇ ಪದೇ ಕೇಳುವ ಪ್ರಶ್ನೆಗಳು

ಕಲಬುರಗಿ ಮಹಾನಗರ ಪಾಲಿಕೆಯ 55 ವಾರ್ಡುಗಳಲ್ಲಿ ಇರುವವರನ್ನು ಮನಸ್ಸಿನಲ್ಲಿಟ್ಟು ಈ ಉತ್ತರಗಳನ್ನು ಬರೆದಿದೆ. ಯಾದಗಿರಿ, ಶಹಾಪುರ, ಸುರಪುರ, ಬಸವಕಲ್ಯಾಣ, ಹುಮನಾಬಾದ್‌ನಂಥ ನಗರಸಭೆ, ಪುರಸಭೆಗಳ ಊರುಗಳಿಗೆ ಕಾಯ್ದೆ ಬೇರೆ. ದೂರು ಕೊಡುವ, ಅಳೆಯುವ, ಮೇಲಿನವರ ಬಾಗಿಲು ತಟ್ಟುವ ಕ್ರಮ ಮಾತ್ರ ಎಲ್ಲ ಕಡೆ ಹೆಚ್ಚು ಕಡಿಮೆ ಇದೇ.

ನೀರು ಕೊಡುವುದು ಪಾಲಿಕೆಯ ಕರ್ತವ್ಯವೋ, ಅನುಕೂಲವಾದರೆ ಮಾಡುವ ಕೆಲಸವೋ?

ಕರ್ತವ್ಯ. 1976ರ ಕರ್ನಾಟಕ ಮಹಾನಗರ ಪಾಲಿಕೆಗಳ ಅಧಿನಿಯಮ ಪಾಲಿಕೆಯ ಕೆಲಸಗಳನ್ನು ಎರಡು ಭಾಗ ಮಾಡಿದೆ. 58ನೇ ಕಲಂನಲ್ಲಿ ಇರುವವು ಮಾಡಲೇಬೇಕಾದ ಕೆಲಸಗಳು. 59ನೇ ಕಲಂನಲ್ಲಿ ಇರುವವು ವಿವೇಚನೆಗೆ ಬಿಟ್ಟವು. ನೀರು ಸರಬರಾಜು ಇರುವುದು 58ರಲ್ಲಿ. ಆ ಕಲಂ ಪಾಲಿಕೆಯಿಂದ ಕೇಳುವುದು ಸಮಂಜಸವಾದ, ಸಾಕಷ್ಟಾದ ವ್ಯವಸ್ಥೆಯನ್ನು. ‘ಸಾಕಷ್ಟು’ ಎಂಬ ಆ ಮಾತೇ ನಿಮ್ಮ ದೂರಿಗೆ ಆಧಾರ. ಪೈಪು ಹಾಕಿದ್ದೇವೆ ಎಂದು ತೋರಿಸಿದರೆ ಕರ್ತವ್ಯ ಮುಗಿಯುವುದಿಲ್ಲ, ಅದರಲ್ಲಿ ಸಾಕಷ್ಟು ನೀರೂ ಬರಬೇಕು.

ನಗರಸಭೆ, ಪುರಸಭೆಗಳಿಗೆ ಅನ್ವಯಿಸುವುದು 1964ರ ಕರ್ನಾಟಕ ಪುರಸಭೆಗಳ ಅಧಿನಿಯಮ. ಅಲ್ಲಿ ಕಡ್ಡಾಯ ಕೆಲಸಗಳು 87ನೇ ಕಲಂನಲ್ಲಿವೆ. ಅರ್ಜಿ ಬರೆಯುವಾಗ ನಿಮ್ಮ ಊರಿಗೆ ಸರಿಯಾದ ಕಾಯ್ದೆಯನ್ನೇ ಹಾಕಿ. ತಪ್ಪು ಕಲಂ ಹಾಕಿದರೆ ಅರ್ಜಿ ಬಿದ್ದುಹೋಗದು, ಆದರೆ ಮರಳಿಸಲು ಒಂದು ನೆಪ ಸಿಗುತ್ತದೆ.

ಸಂವಿಧಾನದಲ್ಲಿ ನೀರಿನ ಹಕ್ಕು ಎಂದು ಬರೆದಿದೆಯೇ?

ಆ ಹೆಸರಿನಲ್ಲಿ ಇಲ್ಲ. 21ನೇ ವಿಧಿಯ ಬದುಕುವ ಹಕ್ಕಿನೊಳಗೆ ಶುದ್ಧ ನೀರೂ ಸೇರುತ್ತದೆ ಎಂದು ಸುಪ್ರೀಂ ಕೋರ್ಟ್ 1991ರ ಸುಭಾಷ್ ಕುಮಾರ್ ಪ್ರಕರಣದಲ್ಲಿ ಹೇಳಿತು. ಆಮೇಲಿನ ತೀರ್ಪುಗಳು ಅದನ್ನು ಗಟ್ಟಿ ಮಾಡಿವೆ. 74ನೇ ತಿದ್ದುಪಡಿಯೊಂದಿಗೆ ಬಂದ 12ನೇ ಅನುಸೂಚಿಯ 5ನೇ ಬಾಬ್ತು ಗೃಹ, ಕೈಗಾರಿಕೆ ಮತ್ತು ವಾಣಿಜ್ಯ ಬಳಕೆಯ ನೀರು ಸರಬರಾಜನ್ನು ನಗರ ಸಂಸ್ಥೆಗಳಿಗೆ ವಹಿಸಬಹುದಾದ ಕೆಲಸಗಳಲ್ಲಿ ಸೇರಿಸಿದೆ. ಪಾಲಿಕೆಗೆ ಕೊಡುವ ದೂರಿನಲ್ಲಿ ಇಷ್ಟೆಲ್ಲ ಬೇಕಿಲ್ಲ. ಅಲ್ಲಿ 58ನೇ ಕಲಂ ಸಾಕು. 21ನೇ ವಿಧಿ ಹೈಕೋರ್ಟಿಗೆ ಹೋಗುವಾಗ ಕೆಲಸಕ್ಕೆ ಬರುತ್ತದೆ.

ಒಬ್ಬರಿಗೆ ದಿನಕ್ಕೆ ಎಷ್ಟು ನೀರು ಬರಬೇಕು?

ಕೇಂದ್ರ ನಗರಾಭಿವೃದ್ಧಿ ಸಚಿವಾಲಯದ 1999ರ ತಾಂತ್ರಿಕ ಕೈಪಿಡಿಯ ಪ್ರಕಾರ ಒಳಚರಂಡಿ ಇರುವ ನಗರದಲ್ಲಿ ತಲೆಗೆ ದಿನಕ್ಕೆ 135 ಲೀಟರ್. ಒಳಚರಂಡಿ ಇಲ್ಲದ, ಕೊಳವೆ ನೀರು ಇರುವ ಊರಿಗೆ 70 ಲೀಟರ್. ಬೀದಿ ನಳದಿಂದ ತುಂಬಿಕೊಳ್ಳುವವರಿಗೆ 40 ಲೀಟರ್. ಅದೇ ಸಚಿವಾಲಯ 2008ರಲ್ಲಿ ಹೊರಡಿಸಿದ ಸೇವಾ ಮಾನದಂಡಗಳು ಇನ್ನೂ ಮುಂದೆ ಹೋಗುತ್ತವೆ: ಎಲ್ಲ ಮನೆಗೂ ಸಂಪರ್ಕ, ದಿನದ 24 ಗಂಟೆ ನೀರು, ಸೋರಿಕೆ ಮತ್ತು ಲೆಕ್ಕಕ್ಕೆ ಸಿಗದ ನೀರು 20 ಶೇಕಡಾಕ್ಕಿಂತ ಹೆಚ್ಚಿರಬಾರದು, 80 ಶೇಕಡಾ ದೂರುಗಳು 24 ಗಂಟೆಯೊಳಗೆ ಪರಿಹಾರವಾಗಬೇಕು.

ಇಲ್ಲಿ ಒಂದು ಮಾತು ನೇರವಾಗಿ ಹೇಳಬೇಕು. ಈ ಅಂಕಿಗಳು ಮಾನದಂಡಗಳು, ಕಾಯ್ದೆಯ ಕಲಂಗಳಲ್ಲ. ‘135 ಲೀಟರ್ ಕೊಟ್ಟಿಲ್ಲ, ದಂಡ ಹಾಕಿ’ ಎಂದು ಕೇಳಿದರೆ ಯಾವ ನ್ಯಾಯಾಲಯವೂ ಸುಮ್ಮನೆ ಒಪ್ಪುವುದಿಲ್ಲ. ಆದರೆ ಕಾಯ್ದೆ ಹೇಳುವ ‘ಸಾಕಷ್ಟು’ ಎಂದರೆ ಎಷ್ಟು ಎಂಬ ವಾದ ಬಂದಾಗ ಸರ್ಕಾರವೇ ಹಾಕಿಕೊಂಡ ಈ ಅಳತೆಗಿಂತ ಒಳ್ಳೆಯ ಸಾಕ್ಷಿ ಬೇರೊಂದಿಲ್ಲ.

ನಿಮ್ಮ ಮನೆಯ ಲೆಕ್ಕ ಹೀಗೆ ಮಾಡಿ. 15 ಲೀಟರಿನ ಬಕೆಟ್ ತುಂಬಲು ಎಷ್ಟು ಸೆಕೆಂಡು ಬೇಕು ಎಂದು ಮೊಬೈಲಿನ ಗಡಿಯಾರದಲ್ಲಿ ನೋಡಿ. ನೀರು ಬಿಟ್ಟು ಹತ್ತು ನಿಮಿಷವಾದ ಮೇಲೆ ಒಮ್ಮೆ, ನಡುವೆ ಒಮ್ಮೆ, ನಿಲ್ಲುವ ಮುಂಚೆ ಒಮ್ಮೆ ಅಳೆದು ಸರಾಸರಿ ತೆಗೆಯಿರಿ. ಆರಂಭದ ಸೆಳೆತ ಕೊನೆಯವರೆಗೂ ಇರುವುದಿಲ್ಲ. ಬಕೆಟ್ 90 ಸೆಕೆಂಡಿಗೆ ತುಂಬಿದರೆ ನಿಮಿಷಕ್ಕೆ 10 ಲೀಟರ್. ಒಂದೂವರೆ ಗಂಟೆ ಬಂದರೆ 900 ಲೀಟರ್. ಮನೆಯಲ್ಲಿ ಐದು ಜನ, ನೀರು ಐದು ದಿನಕ್ಕೊಮ್ಮೆ ಎಂದಾದರೆ ತಲೆಗೆ ದಿನಕ್ಕೆ ಸಿಕ್ಕಿದ್ದು 36 ಲೀಟರ್. ಬೀದಿ ನಳದವರಿಗೆ ಹೇಳಿರುವ 40 ಲೀಟರಿಗಿಂತಲೂ ಇದು ಕಡಿಮೆ. ‘ನೀರು ಸರಿಯಾಗಿ ಬರುತ್ತಿಲ್ಲ’ ಎಂಬ ಅರ್ಜಿಗೂ ‘ಮನೆಗೆ ನಳ ಇದ್ದೂ ತಲೆಗೆ 36 ಲೀಟರ್ ಬರುತ್ತಿದೆ, ಅಳತೆಯ ಪಟ್ಟಿ ಲಗತ್ತಿಸಿದೆ’ ಎಂಬ ಅರ್ಜಿಗೂ ಇಂಜಿನಿಯರ್ ಒಂದೇ ಉತ್ತರ ಕೊಡಲಾಗುವುದಿಲ್ಲ.

ನಾಲ್ಕೈದು ದಿನಕ್ಕೊಮ್ಮೆ ಬಂದರೂ ಸಂಪು ತುಂಬುತ್ತದೆ. ಹಾಗಿದ್ದರೆ ತೊಂದರೆ ಏನು?

ಸಂಪು ಇದ್ದವರಿಗೆ ತೊಂದರೆ ಕಾಣುವುದಿಲ್ಲ. ಎರಡು ಕೊಡ, ಒಂದು ಡ್ರಮ್ಮು ಇರುವ ಮನೆಯವರು ಐದು ದಿನದ ನೀರನ್ನು ಎಲ್ಲಿ ಹಿಡಿದಿಡಬೇಕು? ಅಷ್ಟೇ ಅಲ್ಲ. ಬಿಟ್ಟು ಬಿಟ್ಟು ನೀರು ಕೊಡುವ ಪದ್ಧತಿಯೇ ನೀರನ್ನು ಕೆಡಿಸುತ್ತದೆ.

ಕೊಳವೆಯಲ್ಲಿ ಒತ್ತಡ ಇರುವತನಕ ಸಣ್ಣ ಬಿರುಕಿದ್ದರೂ ನೀರು ಹೊರಗೆ ಹೋಗುತ್ತದೆ, ಹೊರಗಿನದು ಒಳಗೆ ಬರುವುದಿಲ್ಲ. ವಾಲ್ವ್ ಮುಚ್ಚಿದ ಮೇಲೆ ಕೊಳವೆ ಬರಿದಾಗುತ್ತದೆ, ಒಳಗೆ ಎಳೆತ ಹುಟ್ಟುತ್ತದೆ. ಆಗ ಸುತ್ತಲಿನ ಮಣ್ಣಿನ ತೇವ, ಪಕ್ಕದ ಗಟಾರದ ನೀರು, ಮ್ಯಾನ್‌ಹೋಲಿನಿಂದ ಸೋರಿದ್ದು ಎಲ್ಲವೂ ಅದೇ ಬಿರುಕಿನಿಂದ ಒಳಸೇರುತ್ತದೆ. ಮುಂದಿನ ಸಲ ನೀರು ಬಿಟ್ಟಾಗ ಅದು ಮೊದಲು ತಳ್ಳಿಕೊಂಡು ಬರುವುದು ಈ ಕೊಳೆಯನ್ನೇ. ನೀರು ಬಂದ ಮೊದಲ ಹತ್ತು ನಿಮಿಷ ಕೆಂಪಾಗಿ, ವಾಸನೆಯಾಗಿ ಇರುವುದು ಇದಕ್ಕೇ. ನಮ್ಮ ಭಾಗದ ಎರೆಮಣ್ಣು ಬೇಸಿಗೆಯಲ್ಲಿ ಬಿರಿದು ಮಳೆಗಾಲದಲ್ಲಿ ಉಬ್ಬುತ್ತದೆ; ಆ ಎಳೆದಾಟಕ್ಕೆ ಹಳೆಯ ಕೊಳವೆಯ ಜೋಡಣೆಗಳು ಸಡಿಲವಾಗುತ್ತವೆ. ಮೊದಲ ಮಳೆಯ ವಾರಗಳಲ್ಲಿ ವಾಂತಿಭೇದಿ ಕಾಣಿಸಿಕೊಂಡರೆ ಮೊದಲು ನೋಡಬೇಕಾದ ಜಾಗಗಳಲ್ಲಿ ಇದೂ ಒಂದು.

ನೀರು ಬಿಡುವ ಹೊತ್ತಿಗೂ ಅಷ್ಟೇ ತೂಕವಿದೆ. ರಾತ್ರಿ ಎರಡಕ್ಕೆ ಬಿಟ್ಟರೆ ಎದ್ದು ಹಿಡಿಯುವವರು ಮನೆಯ ಹೆಣ್ಣುಮಕ್ಕಳು. ವಾರ, ಗಂಟೆ ನಿಗದಿ ಮಾಡಿದ ವೇಳಾಪಟ್ಟಿಯನ್ನು ಪ್ರತಿ ಓಣಿಗೆ ಹಾಕಿ ಎಂದು ಬರವಣಿಗೆಯಲ್ಲಿ ಕೇಳಿ. ಇದಕ್ಕೆ ಹೊಸ ಕೊಳವೆ ಬೇಕಿಲ್ಲ, ಹಣವೂ ಬೇಕಿಲ್ಲ. ಆದ್ದರಿಂದ ನಿರಾಕರಿಸಲು ಕಾರಣವೂ ಇರುವುದಿಲ್ಲ.

‘ಭೀಮಾ ಬತ್ತಿದೆ, ನಾವೇನು ಮಾಡೋಣ’ ಎಂಬ ಉತ್ತರವನ್ನು ಒಪ್ಪಬೇಕೇ?

ಭಾಗಶಃ. ಕಲಬುರಗಿಗೆ ನೀರು ಬರುವುದು ಮುಖ್ಯವಾಗಿ ಸರಡಗಿ ಬ್ಯಾರೇಜಿನ ಬಳಿ ಭೀಮಾ ನದಿಯಿಂದ ಮತ್ತು ಬೆಣ್ಣೆತೊರಾ ಜಲಾಶಯದಿಂದ. ಏಪ್ರಿಲ್, ಮೇ ಹೊತ್ತಿಗೆ ಭೀಮಾ ಇಳಿಯುವುದು ನಿಜ. ಮಹಾರಾಷ್ಟ್ರದ ಉಜನಿ ಜಲಾಶಯದಿಂದ ಎಷ್ಟು ಬಿಡುತ್ತಾರೆ ಎಂಬುದು ಪಾಲಿಕೆಯ ಕೈಯಲ್ಲಿಲ್ಲ ಎಂಬುದೂ ನಿಜ. ಆದರೆ ಬೇಸಿಗೆ ಪ್ರತಿ ವರ್ಷ ಬರುತ್ತದೆ. ಫೆಬ್ರುವರಿಯಲ್ಲೇ ಸಂಗ್ರಹ ಅಳೆಯುವುದು, ಬ್ಯಾರೇಜಿನ ಗೇಟುಗಳ ಸೋರಿಕೆ ತಡೆಯುವುದು, ಕೆಟ್ಟ ಬೋರ್‌ವೆಲ್ ದುರಸ್ತಿ, ಟ್ಯಾಂಕರ್ ಟೆಂಡರ್, ಎಲ್ಲ ವಾರ್ಡಿಗೂ ಸಮನಾದ ಪಾಳಿ, ಇವು ಪಾಲಿಕೆಯ ಕೈಯಲ್ಲೇ ಇವೆ. ‘ನದಿಯಲ್ಲಿ ನೀರಿಲ್ಲ’ ಎಂದವರನ್ನು ‘ಹಾಗಾದರೆ ಪಕ್ಕದ ಬಡಾವಣೆಗೆ ಎರಡು ದಿನಕ್ಕೊಮ್ಮೆ, ನಮಗೆ ಆರು ದಿನಕ್ಕೊಮ್ಮೆ ಯಾಕೆ’ ಎಂದು ಕೇಳಿ. ಕೊರತೆ ಇದ್ದರೆ ಅದನ್ನು ಎಲ್ಲರಿಗೂ ಹಂಚಬೇಕು.

ನದಿ, ಜಲಾಶಯಗಳ ನೀರಿನಲ್ಲಿ ಮೊದಲ ಪಾಲು ಕುಡಿಯುವುದಕ್ಕೆ ಎಂದು ಸುಪ್ರೀಂ ಕೋರ್ಟ್ 1996ರಲ್ಲಿ ದೆಹಲಿ ಮತ್ತು ಹರಿಯಾಣ ನಡುವಿನ ಯಮುನಾ ನೀರಿನ ಪ್ರಕರಣದಲ್ಲಿ ಹೇಳಿದೆ. ಹಣವಿಲ್ಲ ಎಂಬ ಕಾರಣಕ್ಕೆ 1980ರ ರತ್ಲಾಂ ಪುರಸಭೆ ಪ್ರಕರಣವೇ ಉತ್ತರ. ಅದು ಚರಂಡಿ, ನೈರ್ಮಲ್ಯದ ಪ್ರಕರಣ. ಕಾಯ್ದೆ ಹೊರಿಸಿದ ಕರ್ತವ್ಯದಿಂದ ಖಜಾನೆ ಖಾಲಿ ಎಂಬ ನೆಪ ಹೇಳಿ ನಗರ ಸಂಸ್ಥೆ ಜಾರಿಕೊಳ್ಳಲಾಗದು ಎಂಬ ಅದರ ತತ್ವ ನೀರಿಗೂ ಹೊಂದುತ್ತದೆ.

ಪಾಲಿಕೆಯವರು ಮಂಡಳಿಯತ್ತ, ಮಂಡಳಿಯವರು ಗುತ್ತಿಗೆ ಕಂಪನಿಯತ್ತ ಕೈ ತೋರಿಸುತ್ತಾರೆ. ಯಾರಿಗೆ ದೂರು ಕೊಡಬೇಕು?

ಪಾಲಿಕೆ ಆಯುಕ್ತರ ಹೆಸರಿಗೇ ಕೊಡಿ. 1973ರ ಕಾಯ್ದೆಯಡಿ ಹುಟ್ಟಿದ ಕರ್ನಾಟಕ ನಗರ ನೀರು ಸರಬರಾಜು ಮತ್ತು ಒಳಚರಂಡಿ ಮಂಡಳಿ ದೊಡ್ಡ ಕಾಮಗಾರಿಗಳನ್ನು ಮಾಡುತ್ತದೆ. 24 ಗಂಟೆ ನೀರಿನ ಯೋಜನೆಯಲ್ಲಿ ಕೊಳವೆ ಹಾಕುವುದೂ ನಡೆಸುವುದೂ ಗುತ್ತಿಗೆ ಕಂಪನಿಯ ಪಾಲಿಗೆ ಬಂದಿದೆ. ಕೆಲಸವನ್ನು ಯಾರಿಗೇ ವಹಿಸಿದರೂ 58ನೇ ಕಲಂನ ಹೊಣೆ ಪಾಲಿಕೆಯ ಮೇಲೇ ಉಳಿಯುತ್ತದೆ. ಪ್ರತಿಗಳನ್ನು ಉಳಿದಿಬ್ಬರಿಗೂ ಕಳಿಸಿ; ಮೂಲ ಅರ್ಜಿ ಆಯುಕ್ತರಿಗೆ.

ದೂರು ಕೊಡುವ ಮುಂಚೆ ಮನೆಯಲ್ಲಿ ಏನೇನು ನೋಡಬೇಕು?

ಇದನ್ನು ತಪ್ಪದೇ ಮಾಡಿ. ‘ನಿಮ್ಮ ಮನೆ ಪೈಪೇ ಸರಿಯಿಲ್ಲ’ ಎಂಬ ಒಂದು ಷರಾ ಬರೆದರೆ ದೂರು ಮುಚ್ಚಿಹೋಗುತ್ತದೆ.

ಮೊದಲು ಅಕ್ಕಪಕ್ಕದ ನಾಲ್ಕು ಮನೆ ಕೇಳಿ. ಎಲ್ಲರಿಗೂ ಕಡಿಮೆಯಾದರೆ ತೊಂದರೆ ಬೀದಿಯ ಕೊಳವೆಯಲ್ಲಿ ಅಥವಾ ವಾಲ್ವಿನಲ್ಲಿ. ನಿಮಗೊಬ್ಬರಿಗೇ ಆದರೆ ನಿಮ್ಮ ಸಂಪರ್ಕದಲ್ಲಿ. ಮೀಟರಿನ ಮುಂದಿರುವ ಸ್ಟಾಪ್‌ಕಾಕ್ ಪೂರ್ತಿ ತೆರೆದಿದೆಯೇ ನೋಡಿ. ಮೀಟರಿನ ಬಾಯಲ್ಲಿ ಸಣ್ಣ ಜಾಲರಿ ಇರುತ್ತದೆ, ಅದರಲ್ಲಿ ಮರಳು ಕಟ್ಟಿಕೊಂಡರೆ ನೀರು ಸಣ್ಣದಾಗುತ್ತದೆ. ಆದರೆ ಸೀಲ್ ಇರುವ ಮೀಟರನ್ನು ನೀವೇ ಬಿಚ್ಚಬೇಡಿ, ಸಿಬ್ಬಂದಿಯನ್ನು ಕರೆಸಿ. ಹಳೆಯ ಜಿಐ ಪೈಪು ಒಳಗೆ ತುಕ್ಕು ಕಟ್ಟಿ ಅರ್ಧ ಇಂಚಿನ ಬಾಯಿ ಬೆರಳು ಹೋಗದಷ್ಟು ಕಿರಿದಾಗಿರುತ್ತದೆ. ಬೀದಿಯ ಕೊಳವೆಗೆ ನಿಮ್ಮ ಪೈಪು ಸೇರುವಲ್ಲಿ ಇರುವ ಫೆರೂಲ್ ಕಟ್ಟಿಕೊಂಡಿರಲೂಬಹುದು, ಅದನ್ನು ಅಗೆದು ತೆಗೆಯುವ ಅಧಿಕಾರ ಪಾಲಿಕೆಗೆ ಮಾತ್ರ.

ಒತ್ತಡ ಅಳೆಯುವುದಾದರೆ ಅರ್ಧ ಇಂಚಿನ ತಿರುಪಿನ ಪ್ರೆಶರ್ ಗೇಜ್ ತಂದು ನೆಲಮಟ್ಟದ ನಳಕ್ಕೆ ಜೋಡಿಸಿ. ಒಂದಂತಸ್ತಿನ ಮನೆಗಳ ಪ್ರದೇಶದಲ್ಲಿ 1999ರ ಕೈಪಿಡಿ ಹೇಳುವ ಕನಿಷ್ಠ ಒತ್ತಡ 7 ಮೀಟರ್ (ಅಷ್ಟು ಎತ್ತರಕ್ಕೆ ನೀರು ಏರಿಸುವ ಒತ್ತಡ), ಗೇಜಿನಲ್ಲಿ ಸುಮಾರು 0.7 ಕೆ.ಜಿ. ಎರಡಂತಸ್ತಿಗೆ 12 ಮೀಟರ್, ಮೂರಕ್ಕೆ 17.

ದೂರನ್ನು ಹೇಗೆ ಬರೆಯಬೇಕು?

ಒಂದು ತಿಂಗಳ ದಾಖಲೆ ಇಡಿ: ತಾರೀಖು, ನೀರು ಬಂದ ಹೊತ್ತು, ನಿಂತ ಹೊತ್ತು, ಬಕೆಟ್ ತುಂಬಿದ ಸೆಕೆಂಡು, ಬಣ್ಣ, ವಾಸನೆ. ಓಣಿಯ ಹತ್ತು ಮನೆಯವರು ಸೇರಿ ಇಟ್ಟರೆ ಒಳ್ಳೆಯದು, ಪ್ರತಿ ಮನೆಯ ಆರ್‌ಆರ್ ಸಂಖ್ಯೆ ಅಥವಾ ಗ್ರಾಹಕ ಸಂಖ್ಯೆಯೊಂದಿಗೆ. ಅರ್ಜಿ ಒಂದೇ ಪುಟ ಇರಲಿ:

‘ವಾರ್ಡ್ ಸಂಖ್ಯೆ, ಓಣಿ, ಗ್ರಾಹಕ ಸಂಖ್ಯೆ. ಈ ತಾರೀಖಿನಿಂದ ಈ ತಾರೀಖಿನವರೆಗೆ ನಮಗೆ ಇಷ್ಟು ಸಲ, ಒಟ್ಟು ಇಷ್ಟು ಗಂಟೆ ನೀರು ಬಂದಿದೆ. ಅಳತೆಯಂತೆ ತಲೆಗೆ ದಿನಕ್ಕೆ ಇಷ್ಟು ಲೀಟರ್. 1976ರ ಅಧಿನಿಯಮದ 58ನೇ ಕಲಂ ಪ್ರಕಾರ ಸಾಕಷ್ಟು ನೀರು ಒದಗಿಸುವುದು ಪಾಲಿಕೆಯ ಕಡ್ಡಾಯ ಕರ್ತವ್ಯ. ಕಾರಣ ಪತ್ತೆ ಮಾಡಿ 15 ದಿನದೊಳಗೆ ಸರಿಪಡಿಸಬೇಕು, ಅಲ್ಲಿಯತನಕ ಟ್ಯಾಂಕರ್ ಕೊಡಬೇಕು, ನೀರು ಬಿಡುವ ವೇಳಾಪಟ್ಟಿ ಪ್ರಕಟಿಸಬೇಕು.’

ಪಾಲಿಕೆಯ ಆವಕ ವಿಭಾಗದಲ್ಲಿ ಕೊಟ್ಟು ನಿಮ್ಮ ಪ್ರತಿಯ ಮೇಲೆ ಮೊಹರು, ತಾರೀಖು ಹಾಕಿಸಿಕೊಳ್ಳಿ. ಇಲ್ಲವೇ ಸ್ಪೀಡ್ ಪೋಸ್ಟ್. ನಗರ ಸಂಸ್ಥೆಗಳ ‘ಜನಹಿತ’ ಆ್ಯಪ್‌ನಲ್ಲೂ ರಾಜ್ಯದ ಜನಸ್ಪಂದನ ಸಹಾಯವಾಣಿ 1902ರಲ್ಲೂ ದಾಖಲಿಸಿ ಸಂಖ್ಯೆ ಬರೆದಿಟ್ಟುಕೊಳ್ಳಿ. ವಾಲ್ವ್ ಬಿಡುವವರಿಗೆ, ಕಾರ್ಪೊರೇಟರ್‌ಗೆ ಫೋನು ಮಾಡುವುದು ಬೇಗ ಫಲ ಕೊಡಬಹುದು, ಮಾಡಿ. ಆದರೆ ಫೋನಿಗೆ ದಾಖಲೆ ಇಲ್ಲ. ಮುಂದೆ ಎಲ್ಲಿಗೆ ಹೋದರೂ ‘ಮೊದಲು ಕೇಳಿದಿರಾ’ ಎಂಬ ಪ್ರಶ್ನೆಗೆ ಉತ್ತರ ಆ ಮೊಹರು ಬಿದ್ದ ಹಾಳೆಯೇ.

ನೀರು ಹಳದಿಯಾಗಿದೆ, ಗಟಾರದ ವಾಸನೆ ಬರುತ್ತಿದೆ. ಈಗಲೇ ಏನು ಮಾಡಬೇಕು?

ಕುಡಿಯುವುದು ನಿಲ್ಲಿಸಿ. ಸಂಪಿಗೆ ಸೇರುವ ಮುಂಚೆ ನಳದಿಂದಲೇ ಮಾದರಿ ಹಿಡಿಯಬೇಕು, ಯಾಕೆಂದರೆ ಸಂಪಿನ ನೀರು ಕೊಟ್ಟರೆ ಹೊಣೆ ನಿಮ್ಮ ಸಂಪಿಗೇ ಬೀಳುತ್ತದೆ. ಸೂಕ್ಷ್ಮಾಣು ಪರೀಕ್ಷೆಗೆ ಮನೆಯ ಬಾಟಲಿ ನಡೆಯದು. ಪ್ರಯೋಗಾಲಯದಿಂದ ಶುದ್ಧಗೊಳಿಸಿದ ಬಾಟಲಿ ತನ್ನಿ. ಅದರೊಳಗೆ ಕ್ಲೋರಿನ್ ಅಡಗಿಸುವ ಸೋಡಿಯಂ ಥಯೋಸಲ್ಫೇಟ್ ಹಾಕಿರುತ್ತಾರೆ, ತೊಳೆಯಬೇಡಿ. ನಳದ ಬಾಯಿ ಒರೆಸಿ, ಎರಡು ಮೂರು ನಿಮಿಷ ನೀರು ಹರಿಯಬಿಟ್ಟು, ಬಾಟಲಿಯ ಕತ್ತಿಗೆ ಬೆರಳು ತಾಗಿಸದೆ ತುಂಬಿ, ಮೇಲೆ ಸ್ವಲ್ಪ ಜಾಗ ಬಿಡಿ. ಐಸ್ ಇಟ್ಟ ಡಬ್ಬದಲ್ಲಿ ಆರು ಗಂಟೆಯೊಳಗೆ ಪ್ರಯೋಗಾಲಯಕ್ಕೆ ಮುಟ್ಟಿಸಿ. ಮೊದಲ ಹತ್ತು ನಿಮಿಷದ ಕೊಳೆ ನೀರನ್ನೇ ತೋರಿಸಬೇಕಿದ್ದರೆ ಅದಕ್ಕೆ ಬೇರೆ ಬಾಟಲಿ ಹಿಡಿದು ಹೊತ್ತು ಬರೆಯಿರಿ. ಜಿಲ್ಲಾ ಆರೋಗ್ಯ ಇಲಾಖೆಯ ರೋಗ ಸಮೀಕ್ಷಣಾ ಘಟಕಕ್ಕೂ ತಿಳಿಸಿ. ಅವರೇ ಬಂದು ಮಾದರಿ ತೆಗೆದರೆ ಅದರ ವರದಿಗೆ ಎದುರು ಮಾತಿರುವುದಿಲ್ಲ.

ಭಾರತೀಯ ಮಾನಕ 10500ರ ಪ್ರಕಾರ 100 ಮಿ.ಲೀ. ನೀರಿನಲ್ಲಿ ಇ-ಕೋಲೈ ಇರಲೇಬಾರದು. ನಳದ ತುದಿಯಲ್ಲಿ ಲೀಟರಿಗೆ ಕನಿಷ್ಠ 0.2 ಮಿಲಿಗ್ರಾಂ ಉಳಿಕೆ ಕ್ಲೋರಿನ್ ಇರಬೇಕು. ಫ್ಲೋರೈಡ್ ಲೀಟರಿಗೆ 1.5 ಮಿಲಿಗ್ರಾಂ ದಾಟಬಾರದು, ನೈಟ್ರೇಟ್ 45 ದಾಟಬಾರದು. ಬೋರ್‌ವೆಲ್ ನೀರು ಬೆರೆಸಿ ಕೊಡುವ ಬಡಾವಣೆಗಳು ಕೊನೆಯ ಎರಡನ್ನೂ ತಪ್ಪದೆ ಕೇಳಿ. ಕುದಿಸಿದರೆ ಸೂಕ್ಷ್ಮಾಣು ಸಾಯುತ್ತವೆ, ಫ್ಲೋರೈಡ್ ಮತ್ತು ನೈಟ್ರೇಟ್ ಹೋಗುವುದಿಲ್ಲ.

ಸಂಪಿನ ನೀರಿಗೆ ತಾತ್ಕಾಲಿಕವಾಗಿ 1000 ಲೀಟರಿಗೆ 2.5 ಗ್ರಾಂ ಹೊಸ ಬ್ಲೀಚಿಂಗ್ ಪುಡಿ, ಬಕೆಟ್ ನೀರಿನಲ್ಲಿ ಕಲಸಿ, ತಿಳಿ ಮಾತ್ರ ಹಾಕಿ, ಒಂದು ಗಂಟೆ ಬಿಡಿ. ತೇವ ಹಿಡಿದ ಹಳೆಯ ಪುಡಿಯಲ್ಲಿ ಕ್ಲೋರಿನ್ ಹಾರಿಹೋಗಿರುತ್ತದೆ. ಕದಡಿದ ನೀರಿಗೆ ಇದು ಕೆಲಸ ಮಾಡದು. ಅಂಥ ಸಂಪನ್ನು ಖಾಲಿ ಮಾಡಿ ತೊಳೆಯುವುದೇ ದಾರಿ.

ಮಾಹಿತಿ ಹಕ್ಕಿನಲ್ಲಿ ಏನನ್ನು ಕೇಳಿದರೆ ಉಪಯೋಗ?

ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ, ಶುಲ್ಕ 10 ರೂಪಾಯಿ. ಬಿಪಿಎಲ್‌ನವರಿಗೆ ಶುಲ್ಕವಿಲ್ಲ. ‘ನೀರು ಯಾಕೆ ಬಿಡುತ್ತಿಲ್ಲ’ ಎಂದು ಕೇಳಿದರೆ ಅದು ಮಾಹಿತಿಯಲ್ಲ ಎಂದು ತಿರಸ್ಕರಿಸುತ್ತಾರೆ. ದಾಖಲೆ ಕೇಳಿ: ನಿಮ್ಮ ವಾರ್ಡಿಗೆ ನೀರು ಬಿಟ್ಟ ಕಳೆದ ಮೂರು ತಿಂಗಳ ವಾಲ್ವ್ ದಾಖಲೆಯ ಪ್ರತಿ. ಇನ್ನೊಂದು ಅರ್ಜಿಯಲ್ಲಿ ನೀರಿನ ಪರೀಕ್ಷಾ ವರದಿಗಳು. ಮತ್ತೊಂದರಲ್ಲಿ ಟ್ಯಾಂಕರ್ ಬಿಲ್ಲುಗಳು, ಟ್ರಿಪ್ ಶೀಟ್ ಸಮೇತ. ವಾಲ್ವ್ ದಾಖಲೆಯ ಪಕ್ಕದಲ್ಲಿ ನಿಮ್ಮ ತಿಂಗಳ ದಾಖಲೆ ಇಟ್ಟಾಗ ಹೊಂದದೇ ಇರುವ ತಾರೀಖುಗಳೇ ನಿಮ್ಮ ಪ್ರಕರಣ.

30 ದಿನದಲ್ಲಿ ಉತ್ತರ ಬರಬೇಕು. ಬಾರದಿದ್ದರೆ 30 ದಿನದೊಳಗೆ ಮೊದಲ ಮೇಲ್ಮನವಿ, ಆಮೇಲೆ 90 ದಿನದೊಳಗೆ ಮಾಹಿತಿ ಆಯೋಗಕ್ಕೆ ಎರಡನೆಯದು.

ಸಕಾಲದಡಿ ದೂರು ಕೊಡಬಹುದೇ?

ದಿನದ ನೀರಿಗೆ ಇಲ್ಲ. ಹೊಸ ನಳ ಸಂಪರ್ಕದಂಥ, ಪಟ್ಟಿಯಲ್ಲಿರುವ ಸೇವೆಗೆ ಹೌದು. ಅರ್ಜಿ ಕೊಟ್ಟಾಗ 15 ಅಂಕಿಯ ಸಕಾಲ ಸಂಖ್ಯೆ ಪಡೆಯದೆ ಕಚೇರಿ ಬಿಡಬೇಡಿ. ಗಡುವು ಮೀರಿದರೆ ಮೇಲ್ಮನವಿ ಹಾಕಿ. ದಿನಕ್ಕೆ 20 ರೂಪಾಯಿಯಂತೆ 500 ರೂಪಾಯಿವರೆಗೆ ಪರಿಹಾರ ವೆಚ್ಚಕ್ಕೆ ಅವಕಾಶವಿದೆ.

ಪಾಲಿಕೆ ಸುಮ್ಮನಿದ್ದರೆ ಮುಂದಿನ ದಾರಿ?

ಮೂರು ದಾರಿಗಳಿವೆ, ಮೂರೂ ಬೇರೆ ಬೇರೆ ಕೆಲಸಕ್ಕೆ.

ಖಾಯಂ ಜನತಾ ನ್ಯಾಯಾಲಯವನ್ನು ಹೆಚ್ಚಿನವರು ಮರೆಯುತ್ತಾರೆ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ ನೀರು ಸರಬರಾಜನ್ನು ಸಾರ್ವಜನಿಕ ಉಪಯುಕ್ತ ಸೇವೆ ಎಂದು ಹೆಸರಿಸಿದೆ. ಬಿಳಿ ಹಾಳೆಯಲ್ಲಿ ಅರ್ಜಿ, ನ್ಯಾಯಾಲಯ ಶುಲ್ಕ ಇಲ್ಲ, ವಕೀಲರು ಕಡ್ಡಾಯವಲ್ಲ. ಮೊದಲು ರಾಜಿಗೆ ಯತ್ನಿಸುತ್ತಾರೆ, ಆಗದಿದ್ದರೆ ಅವರೇ ತೀರ್ಮಾನ ಕೊಡಬಹುದು. ಅದಕ್ಕೆ ಡಿಕ್ರಿಯ ಬಲ. ಒಂದು ಎಚ್ಚರಿಕೆ: ಅದೇ ವಿವಾದವನ್ನು ಮೊದಲೇ ಬೇರೆ ನ್ಯಾಯಾಲಯಕ್ಕೆ ಒಯ್ದಿದ್ದರೆ ಇಲ್ಲಿ ತೆಗೆದುಕೊಳ್ಳುವುದಿಲ್ಲ. ಬಿಲ್ಲು, ಸಂಪರ್ಕ, ಒಂದು ಓಣಿಯ ನೀರು, ಇಂಥವುಗಳಿಗೆ ಮೊದಲು ತಟ್ಟಬೇಕಾದ ಬಾಗಿಲು ಇದೇ. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ವಿಚಾರಿಸಿ, ಇಲ್ಲವೇ 15100ಕ್ಕೆ ಕರೆ ಮಾಡಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ, ಅಂಗವಿಕಲರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ.

ಗಟಾರದ ನೀರು ಬೆರೆಯುತ್ತಿದ್ದು ಇಡೀ ಬಡಾವಣೆಯ ಆರೋಗ್ಯಕ್ಕೆ ಅಪಾಯವಿದ್ದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152ನೇ ಕಲಂನಡಿ ಉಪವಿಭಾಗಾಧಿಕಾರಿಗೆ ಅರ್ಜಿ ಕೊಡಬಹುದು. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 133ನೇ ಕಲಂ ಇದೇ. ರತ್ಲಾಂನ ನಿವಾಸಿಗಳು ಹೋದದ್ದೂ ಇದೇ ದಾರಿಯಲ್ಲಿ.

ಕೊನೆಯದು ಹೈಕೋರ್ಟ್. ಕಲಬುರಗಿಯ ಪೀಠ 2008ರಲ್ಲಿ ಆರಂಭವಾಗಿ 2013ರಲ್ಲಿ ಕಾಯಂ ಆಯಿತು, ಹಾಗಾಗಿ ಬೀದರ, ಯಾದಗಿರಿಯವರೂ ಬೆಂಗಳೂರಿಗೆ ಹೋಗಬೇಕಿಲ್ಲ. ಸಂವಿಧಾನದ 226ನೇ ವಿಧಿಯಡಿ ಪರಮಾದೇಶದ ರಿಟ್, ಅಂದರೆ ಕರ್ತವ್ಯ ಮಾಡಿ ಎಂದು ಪಾಲಿಕೆಗೆ ಆದೇಶ, ಕೇಳಬಹುದು. ಕೇಳಿದ್ದೇವೆ, ಕೊಡಲಿಲ್ಲ ಎಂದು ತೋರಿಸದೆ ಈ ರಿಟ್ ಸಿಗುವುದು ಕಷ್ಟ. ಮೊಹರಿನ ಪ್ರತಿ, ತಿಂಗಳ ದಾಖಲೆ, ಪರೀಕ್ಷಾ ವರದಿ ಇಲ್ಲಿ ಲಗತ್ತಾಗುತ್ತವೆ. ಸಿವಿಲ್ ದಾವೆ ಹಾಕುವುದಾದರೆ 1976ರ ಅಧಿನಿಯಮದ 482ನೇ ಕಲಂನ 60 ದಿನದ ನೋಟಿಸ್ ಮರೆಯಬೇಡಿ.

ಬೀದಿಯ ಕೊಳವೆಗೆ ನೇರ ಮೋಟಾರು ಹಚ್ಚಿದರೆ?

ಹಚ್ಚಬೇಡಿ. ಮೋಟಾರಿನ ಎಳೆತಕ್ಕೆ ಮುಂದಿನ ಮನೆಗಳ ನೀರು ನಿಲ್ಲುತ್ತದೆ, ಬಿರುಕುಗಳಿಂದ ಗಟಾರದ ನೀರು ಒಳಬರುತ್ತದೆ, ಮೊದಲು ಅದು ಬರುವುದು ನಿಮ್ಮ ಮನೆಗೇ. ಸಂಪರ್ಕ ಕಡಿದು ಮೋಟಾರು ಒಯ್ದರೆ ಹೇಳಲು ನಿಮ್ಮ ಬಳಿ ಏನೂ ಇರುವುದಿಲ್ಲ. ಸಂಪಿನಿಂದ ಮೇಲಿನ ಟ್ಯಾಂಕಿಗೆ ಏರಿಸುವ ಮೋಟಾರು ಬೇರೆ, ಅದಕ್ಕೆ ಅಡ್ಡಿಯಿಲ್ಲ.

ನೀರೇ ಬಾರದ ತಿಂಗಳಿಗೂ ಬಿಲ್ಲು ಕಟ್ಟಬೇಕೇ?

ನಿಲ್ಲಿಸಬೇಡಿ, ಬಾಕಿ ಇದ್ದರೆ ಸಂಪರ್ಕ ಕಡಿಯಲು ಕಾರಣ ಸಿಗುತ್ತದೆ. ಆಕ್ಷೇಪವನ್ನು ಬರೆದುಕೊಟ್ಟು ಕಟ್ಟಿ, ಹೊಂದಾಣಿಕೆ ಕೇಳಿ. ನೀರು ಬಿಡುವಾಗ ಮೊದಲು ನುಗ್ಗುವ ಗಾಳಿಗೂ ಮೀಟರು ತಿರುಗುತ್ತದೆ. ಅನುಮಾನವಿದ್ದರೆ ಆ ಹೊತ್ತಿನ ವಿಡಿಯೊ ತೆಗೆದು ಮೀಟರ್ ಪರೀಕ್ಷೆಗೆ ಅರ್ಜಿ ಹಾಕಿ.

ಹಕ್ಕುಪತ್ರ ಇಲ್ಲದ ಗುಡಿಸಲಿನವರಿಗೆ, ಬಾಡಿಗೆದಾರರಿಗೆ ಈ ಹಕ್ಕು ಇದೆಯೇ?

ನೀರಿನ ಹಕ್ಕು ಮನುಷ್ಯರದು, ನಿವೇಶನದ್ದಲ್ಲ. ಅಕ್ರಮ ಗುಡಿಸಲಿನಲ್ಲಿ ಇದ್ದಾರೆ ಎಂಬ ಕಾರಣಕ್ಕೆ ನೀರು ನಿರಾಕರಿಸುವಂತಿಲ್ಲ ಎಂದು ಬಾಂಬೆ ಹೈಕೋರ್ಟ್ 2014ರಲ್ಲಿ ಪಾನಿ ಹಕ್ ಸಮಿತಿ ಪ್ರಕರಣದಲ್ಲಿ ಹೇಳಿತು. ನಮ್ಮ ಹೈಕೋರ್ಟನ್ನು ಅದು ಕಟ್ಟಿಹಾಕುವುದಿಲ್ಲ, ಆದರೆ ಅದನ್ನು ಮುಂದಿಟ್ಟು ವಾದಿಸಬಹುದು. ಮನೆ ಸಂಪರ್ಕ ಕೊಡಲಾಗದು ಎಂದರೆ ಬೀದಿ ನಳ, ಸಿಂಟೆಕ್ಸ್ ಟ್ಯಾಂಕ್ ಎಂದು ನಿರ್ದಿಷ್ಟವಾಗಿ ಕೇಳಿ. ಬಾಡಿಗೆದಾರರು ಮಾಲೀಕರ ಗ್ರಾಹಕ ಸಂಖ್ಯೆ ಬರೆದು ತಮ್ಮ ಹೆಸರಿನಲ್ಲೇ ದೂರು ಕೊಡಬಹುದು.

ಟ್ಯಾಂಕರ್ ನೀರಿಗೂ ಇದೇ ನಿಯಮವೇ?

ಪಾಲಿಕೆ ಕಳಿಸಿದ ಟ್ಯಾಂಕರ್ ಆದರೆ ಗುಣಮಟ್ಟದ ಹೊಣೆ ಪಾಲಿಕೆಯದೇ. ಎಲ್ಲಿ ತುಂಬಿಸಿದ್ದು, ಕ್ಲೋರಿನ್ ಹಾಕಿದ್ದಾರೆಯೇ ಎಂದು ಚಾಲಕನನ್ನು ಕೇಳಿ. ಟ್ರಿಪ್ ಶೀಟಿಗೆ ಸಹಿ ಹಾಕುವಾಗ ಬಂದ ಹೊತ್ತು, ಲೀಟರ್ ಸರಿಯಾಗಿ ಬರೆದಿದ್ದರೆ ಮಾತ್ರ ಹಾಕಿ. ಬರ ಘೋಷಣೆಯಾದಾಗ ಖಾಸಗಿ ಬೋರ್‌ವೆಲ್‌ಗಳನ್ನು ಬಾಡಿಗೆಗೆ ಪಡೆದು ಜನರಿಗೆ ನೀರು ಕೊಡಿಸುವ ವ್ಯವಸ್ಥೆಯನ್ನು ಜಿಲ್ಲಾಡಳಿತ ಮಾಡಬಹುದು. ನಿಮ್ಮ ಓಣಿಯ ಹತ್ತಿರ ನೀರಿರುವ ಬೋರ್‌ವೆಲ್ ಇದ್ದರೆ ಅದರ ಜಾಗವನ್ನು ಅರ್ಜಿಯಲ್ಲಿ ಗುರುತಿಸಿ ಜಿಲ್ಲಾಧಿಕಾರಿ ಕಚೇರಿಗೂ ಒಂದು ಪ್ರತಿ ಕೊಡಿ.